ಹಳೆಯ ಫೋನು, ಹೊಸ ಗೇಟು

ನನ್ನ ಫೋನಿಗೆ ಒಂಬತ್ತು ವರ್ಷ. ವಿಮಾ ಕಚೇರಿಯ ಕೆಲಸದ ಮೇಲೆ ಧಾರವಾಡದಿಂದ ಅಹಮದಾಬಾದಿಗೆ ವರ್ಗವಾದಾಗ ಹೆಂಡತಿ ಸುಧಾಳ ಜೊತೆ ಅದೂ ಬಂತು. ಹೊಸ ಫೋನು ಕೊಳ್ಳುವವರನ್ನು ಕಂಡರೆ ನನಗೆ ಮರುಕ. ಇದ್ದುದನ್ನು ಪಳಗಿಸಲು ಬಾರದವರು, ಪಾಪ.

ಈಚೆಗೆ ಸ್ಯಾಟಲೈಟ್ ಎಂಬ ಬಡಾವಣೆಯಲ್ಲಿರುವ ನಮ್ಮ ಹೌಸಿಂಗ್ ಸೊಸೈಟಿಯ ಗೇಟಿಗೆ ಆಪ್ ಬಂತು. ಯಾರೇ ಬಂದರೂ ವಾಚ್‌ಮನ್ ನಮ್ಮ ಫೋನಿಗೆ ಸುದ್ದಿ ಕಳಿಸುತ್ತಾನೆ. ನಾವು ಒಪ್ಪಿದರೆ ಮಾತ್ರ ಒಳಗೆ. ಅದೇ ವಾರ ನನ್ನ ಮಾವ, ನಿವೃತ್ತ ಹೆಡ್‌ಮಾಸ್ತರು, ಮೊದಲ ಸಲ ನಮ್ಮಲ್ಲಿಗೆ ಬರುವವರಿದ್ದರು. ಆಪ್ ಹಾಕಿಕೊಳ್ಳಲು ಹೋದರೆ, ನಿಮ್ಮ ಫೋನಿಗೆ ಇದು ಹೊಂದುವುದಿಲ್ಲ ಎಂದು ಬಂತು.

“ನನ್ನ ಫೋನಿಗೆ ಹಾಕೊಂತೀನಿ, ಬಿಡ್ರಿ,” ಎಂದಳು ಸುಧಾ.

ಬಿಡುವುದೇ? ಅಂತರ್ಜಾಲ ಜಾಲಾಡಿ ಅದೇ ಆಪಿನ ಪ್ಯಾಕೇಜ್ ಫೈಲನ್ನು ಇಳಿಸಿಕೊಂಡೆ. ಅಪರಿಚಿತ ಫೈಲು, ಅಪಾಯ ಎಂದು ಫೋನು ಎಚ್ಚರಿಸಿತು. ಧೈರ್ಯವಾಗಿ ಒಪ್ಪಿಗೆ ಕೊಟ್ಟೆ. ಪ್ಯಾಕೇಜ್ ಓದಲಾಗುತ್ತಿಲ್ಲ ಎಂದಿತು. ಇನ್ನೂ ಹಳೆಯ ಆವೃತ್ತಿ ಹುಡುಕಿದೆ. ಜಾಗ ಸಾಲದು ಎಂದಿತು. ಫೋಟೋಗಳನ್ನು ಅಳಿಸಿದೆ, ನಕ್ಷೆಯನ್ನು ಅಳಿಸಿದೆ, ಕೊನೆಗೆ ಕನ್ನಡ ಕೀಬೋರ್ಡನ್ನೂ ತ್ಯಾಗ ಮಾಡಿದೆ. ಮೂರನೆಯ ದಿನ ಆಪ್ ತೆರೆದುಕೊಂಡಿತು!

ಆ ಸಂಜೆ ಸೊಸೈಟಿಯ ಕಟ್ಟೆಯ ಮೇಲೆ ಕೂತವರಿಗೆಲ್ಲ ಈ ವಿಜಯವನ್ನು ಸವಿಸ್ತಾರವಾಗಿ ವರದಿ ಮಾಡಿದೆ. ಎದುರು ಮನೆಯ ಪರೇಶಭಾಯಿ ತಮ್ಮ ತಾಯಿಯ ಹಳೆಯ ಫೋನು ತಂದುಕೊಟ್ಟರು. ಅದಕ್ಕೂ ಹಾಕಿಕೊಟ್ಟೆ. ಅವರು ನನ್ನನ್ನು ಎಂಜಿನಿಯರ್ ಸಾಹೇಬ್ ಎಂದು ಕರೆದರು. ನಾನು ಬಿ.ಕಾಂ. ಎಂದು ತಿದ್ದಲು ಹೋಗಲಿಲ್ಲ.

ಭಾನುವಾರ ಮಾವ ಬರುವ ಹೊತ್ತಿಗೆ ಫೋನನ್ನು ಅಂಗೈಯಲ್ಲಿಟ್ಟುಕೊಂಡು ಕೂತೆ. ಅದು ಗುಂಯ್‌ಗುಟ್ಟಿತು. ಪರದೆ ಚಿಕ್ಕದು, ಅಕ್ಷರಗಳೆಲ್ಲ ಗುಜರಾತಿ, ಕೆಳಗೆ ಕಾಣುತ್ತಿದ್ದುದು ಒಂದೇ ಗುಂಡಿ. ಒತ್ತಿದೆ. ಮತ್ತೆ ಗುಂಯ್ ಎಂದಿತು. ಮತ್ತೆ ಒತ್ತಿದೆ. ಮೂರನೆಯ ಸಲ, ಸಂದೇಹವೇ ಬೇಡವೆಂದು, ಗಟ್ಟಿಯಾಗಿ ಒತ್ತಿದೆ.

ಸುಧಾಳ ಫೋನು ಮೊಳಗಿತು. ಮಾವನ ಕಂಠ ನನಗೂ ಕೇಳಿಸುವಷ್ಟಿತ್ತು.

“ಸುಧಾ, ನಾನು ಗೇಟಿನಾಗ ನಿಂತೀನಿ. ನಿನ್ನ ಗಂಡ ಮೂರು ಸಲ ಬ್ಯಾಡ ಅಂದಾನಂತ. ವಾಪಸ್ ಹೋಗ್ಲೇನವಾ?”

ಒಪ್ಪಿಗೆಯ ಗುಂಡಿ ನನ್ನ ಪರದೆಯ ಆಚೆ ಎಲ್ಲೋ ಉಳಿದುಹೋಗಿತ್ತು. ಕಾಣುತ್ತಿದ್ದುದು ನಿರಾಕರಣೆಯ ಗುಂಡಿ ಮಾತ್ರ.

ಬರಿಗಾಲಲ್ಲಿ ಗೇಟಿಗೆ ಓಡಿದೆ. ಮಾವ ವಾಚ್‌ಮನ್ನನ ಕುರ್ಚಿಯಲ್ಲಿ ಕೂತು ಮಜ್ಜಿಗೆ ಕುಡಿಯುತ್ತಿದ್ದರು. ಪಕ್ಕದಲ್ಲಿ ಸೂಟ್‌ಕೇಸಿನ ಮೇಲೆ ಕೂತು ಕಣ್ಣೊರೆಸಿಕೊಳ್ಳುತ್ತಿದ್ದವರು ಪರೇಶಭಾಯಿಯ ತಂಗಿ. ಸೂರತ್ತಿನಿಂದ ತವರಿಗೆ ಬಂದಿದ್ದ ಆಕೆಯನ್ನು ಸ್ವಂತ ತಾಯಿಯೇ ಎರಡು ಸಲ ನಿರಾಕರಿಸಿದ್ದರು. ಆಪ್ ಹಾಕಿಕೊಟ್ಟ ಎಂಜಿನಿಯರ್ ಯಾರೆಂದು ಆಕೆ ಕೇಳುತ್ತಿದ್ದರು. ನಾನು ಮಾವನ ಚೀಲ ಹೊತ್ತು ಬೇಗಬೇಗನೆ ನಡೆದೆ.

ಮರುದಿನ ಸುಧಾ ತನ್ನ ಫೋನಿಗೆ ಆಪ್ ಹಾಕಿಕೊಂಡಳು. ಎರಡು ನಿಮಿಷ ಹಿಡಿಯಿತು. ಸೊಸೈಟಿಯ ಕಾರ್ಯದರ್ಶಿ ವಾಚ್‌ಮನ್ನನ ಕೋಣೆಯ ಗೋಡೆಗೆ ಒಂದು ಪಟ್ಟಿ ಅಂಟಿಸಿದರು: ಫೋನು ಬಳಸಲು ಬಾರದ ಹಿರಿಯರು, ಇವರನ್ನು ಏನೂ ಕೇಳಬೇಡಿ. ಅದರಲ್ಲಿ ನಾಲ್ವರು ಅಜ್ಜಿಯರು, ಇಬ್ಬರು ಅಜ್ಜಂದಿರು, ಮತ್ತು ನಾನು. ಎಂಬತ್ತು ದಾಟುವ ಮೊದಲೇ ಆ ಪಟ್ಟಿ ಸೇರಿದವನು ನಾನೊಬ್ಬನೇ ಎಂಬ ಹೆಮ್ಮೆ ಮಾತ್ರ ನನಗಿದೆ.