ನನ್ನ ಇಂಗ್ಲಿಷ್ ವ್ಯಾಕರಣವೂ ದೋನಾಳ ದ್ರಾಕ್ಷಿಬಳ್ಳಿಯೂ

ನಮ್ಮ ಮುತ್ತಜ್ಜ ವೆಲ್ಚೊ ಯಾವ ಮೇಸ್ತ್ರಿಯ ಕೈಕೆಳಗೂ ದುಡಿಯದೆ, ಯಾರನ್ನೂ ಒಂದು ಮಾತು ಕೇಳದೆ, ಊರ ಹೊಳೆಗೆ ಕಲ್ಲಿನ ಸೇತುವೆ ಕಟ್ಟಿದವನು. ಸೇತುವೆ ಇಂದಿಗೂ ಗಟ್ಟಿಮುಟ್ಟಾಗಿದೆ. ಹೊಳೆಯೇ ಬೇಸತ್ತು ಪಕ್ಕಕ್ಕೆ ಸರಿದು ಹರಿಯುತ್ತಿದೆ. ಅವನ ಮಗ, ನಮ್ಮಜ್ಜ ರಂಗೆಲ್, ಚರ್ಚಿನ ಗೋಪುರದ ಗಡಿಯಾರ ನಿಂತಾಗ ಅದನ್ನು ತಾನೇ ಬಿಚ್ಚಿ, ತಾನೇ ಜೋಡಿಸಿ, ಮಿಕ್ಕ ಚಕ್ರಗಳನ್ನು ಜೇಬಿಗೆ ಹಾಕಿಕೊಂಡು ಇಳಿದುಬಂದ ಧೀರ. ಗಡಿಯಾರ ನಡೆಯಿತು. ಒಮ್ಮೊಮ್ಮೆ ಮಧ್ಯಾಹ್ನಕ್ಕೆ ಹದಿಮೂರು ಹೊಡೆಯುತ್ತಿತ್ತು, ಅಷ್ಟೇ! ನಮ್ಮಪ್ಪ ತ್ಸೋನ್ಯೊ ಗುರುವಿಲ್ಲದೆ ಅಕಾರ್ಡಿಯನ್ ಕಲಿತ. ಅವನು ಕಲಿತು ಮುಗಿಸುವಷ್ಟರಲ್ಲಿ ಎಡಗಡೆ ಮನೆಯವರು ಊರು ಬಿಟ್ಟಿದ್ದರು.

ಇಂಥ ವಂಶದ ಕುಡಿ ನಾಯ್ಡೆನ್, ಅಂದರೆ ನಾನು, ಇಂಗ್ಲಿಷ್ ವ್ಯಾಕರಣ ಕಲಿಯಲು ಇನ್ನೊಬ್ಬರ ಮುಂದೆ ಕೈಕಟ್ಟಿ ಕೂರುವುದೇ? ಸಾಧ್ಯವಿಲ್ಲ!

ನಮ್ಮ ಬಲ್ಗೇರಿಯದ ಹಳ್ಳಿಗಳಲ್ಲಿ ಹಳೇ ಮನೆಗಳನ್ನೆಲ್ಲ ಇಂಗ್ಲಿಷಿನವರು ಕೊಳ್ಳತೊಡಗಿದ್ದರು. ನಾಳೆ ನಮ್ಮೂರಿಗೂ ಬಂದರೆ ಊರ ಪರವಾಗಿ ಮಾತಾಡುವ ಗಂಡಸು ಬೇಕಲ್ಲ? ಸಂತೆಯಲ್ಲಿ ರಟ್ಟು ಹರಿದ ವ್ಯಾಕರಣದ ಪುಸ್ತಕವೊಂದನ್ನು ಕೊಂಡು ತಂದೆ. ಇಡೀ ಚಳಿಗಾಲ ಒಲೆಯ ಪಕ್ಕ ಕೂತು ಅರೆದು ಕುಡಿದೆ. ಭೂತಕಾಲ, ವರ್ತಮಾನಕಾಲ, ಪ್ರೆಸೆಂಟ್ ಪರ್ಫೆಕ್ಟ್ ಎಂಬ ಅತ್ತಲೂ ಅಲ್ಲದ ಇತ್ತಲೂ ಅಲ್ಲದ ಕಾಲ, ಎಲ್ಲವೂ ನನ್ನ ಹೊಟ್ಟೆ ಸೇರಿದವು. ಕಲಿತದ್ದನ್ನು ಹಂಚದಿದ್ದರೆ ಹೇಗೆ? ಹೆಂಡತಿ ದೋನಾಳಿಗೂ ಪಾಠ ಶುರುಮಾಡಿದೆ.

"ಲೇ ದೋನಾ, 'ನಾನು ಮೆಣಸಿನಕಾಯಿ ಸುಡುತ್ತೇನೆ' ಅನ್ನೋದಕ್ಕೂ 'ಸುಡುತ್ತಿದ್ದೇನೆ' ಅನ್ನೋದಕ್ಕೂ ವ್ಯತ್ಯಾಸ ಏನು, ಹೇಳು ನೋಡಾನ."

"ಮೊದಲನೇದ್ರಲ್ಲೂ ನಾನೊಬ್ಳೇ ಸುಡ್ತೀನಿ, ಎರಡನೇದ್ರಲ್ಲೂ ನಾನೊಬ್ಳೇ ಸುಡ್ತೀನಿ. ನೀನು ಎರಡ್ರಲ್ಲೂ ಕುರ್ಚಿ ಬಿಟ್ಟು ಏಳಕಿಲ್ಲ."

ಇಂಥ ಶಿಷ್ಯೆಯನ್ನು ಕಟ್ಟಿಕೊಂಡು ಯಾವ ಗುರು ಉದ್ಧಾರವಾದಾನು!

ಬೇಸಿಗೆಯಲ್ಲಿ ಎಡಗಡೆಯ ಮನೆಗೆ ಇಂಗ್ಲಿಷಿನವರು ಬಂದೇಬಿಟ್ಟರು. ಗಂಡ ಕ್ಲೈವ್, ಹೆಂಡತಿ ಮೋರಿನ್. ಅವಳು ಇಸ್ಕೂಲಿನ ನಿವೃತ್ತ ಮೇಡಮ್ಮು. ಊರಿಗೆ ಊರೇ ನನ್ನ ಬೆನ್ನು ತಟ್ಟಿತು: "ನಾಯ್ಡೆನ್ ಮಾವ, ಈಗ ನಿನ್ನ ಕಾಲ ಬಂತು!" ಕಾಲವೇನೋ ಬಂತು, ಯಾವ ಕಾಲವೆಂಬುದೇ ತಿಳಿಯಲಿಲ್ಲ. ಕ್ಲೈವ್ ಬೆಳಿಗ್ಗೆ ಗೋಡೆಯಾಚೆಯಿಂದ ನಮಸ್ಕಾರ ಹೇಳಿದರೆ ನಾನು ಟೊಮೆಟೊ ಗಿಡಗಳ ನಡುವೆ ಅವಿತುಕೊಳ್ಳುತ್ತಿದ್ದೆ. ಉತ್ತರ ಗೊತ್ತಿಲ್ಲವೆಂದಲ್ಲ. ಒಂದೇ ಪದದಲ್ಲಿ ಉತ್ತರ ಕೊಡುವುದು ಮೇಕೆಯ ಲಕ್ಷಣ. ವ್ಯಾಕರಣ ಬಲ್ಲವನು ಪೂರ್ಣ ವಾಕ್ಯ ಆಡಬೇಕು. ನನ್ನ ವಾಕ್ಯ ಪೂರ್ಣವಾಗುವ ಹೊತ್ತಿಗೆ ಅವನು ಒಳಗೆ ಹೋಗಿ ತಿಂಡಿ ಮುಗಿಸಿರುತ್ತಿದ್ದ.

ಸೆಪ್ಟೆಂಬರಿನ ಒಂದು ಬೆಳಿಗ್ಗೆ ದೋನಾ ಅಂಗಳದಲ್ಲಿ ಲ್ಯೂತೆನಿತ್ಸ ಚಟ್ನಿಗೆಂದು ಕೆಂಪು ದೊಣ್ಣೆಮೆಣಸಿನಕಾಯಿ ಸುಡುತ್ತಿದ್ದವಳು ತಟ್ಟನೆ ತಲೆ ಎತ್ತಿದಳು.

"ಏ ಮುದುಕಾ, ಆ ಇಂಗ್ಲಿಷಿನವ್ನು ಗೋಡೆಗೆ ಟೇಪು ಹಿಡ್ಕೊಂಡು ನಿಂತವ್ನೆ. ನನ್ನ ಬಳ್ಳೀನೇ ನೋಡ್ತಾವ್ನೆ. ಹೋಗಿ ಹೇಳು, ಮುಟ್ಟಬ್ಯಾಡ ಅಂತ."

ಆ ದ್ರಾಕ್ಷಿಬಳ್ಳಿಯ ಬುಡ ನಮ್ಮ ಅಂಗಳದಲ್ಲಿದೆ. ಎರಡು ತೋಳುಗಳು ಎರಡು ಮನೆಗಳ ನಡುವಿನ ಗೋಡೆಯ ಉದ್ದಕ್ಕೂ ಹಬ್ಬಿದ್ದವು. ಮದುವೆಯ ದಿನ ದೋನಾಳ ಅಪ್ಪ ತನ್ನ ಅಂಗಳದ ಬಳ್ಳಿಯಿಂದ ಕಡ್ಡಿ ಮುರಿದು, ಒದ್ದೆ ಬಟ್ಟೆಯಲ್ಲಿ ಸುತ್ತಿ ಕೊಟ್ಟಿದ್ದ. ಆಮೇಲೆ ಅಣೆಕಟ್ಟು ಬಂತು. ಅವಳ ತವರೂರು ಗಂಟೆಗೋಪುರ ಸಮೇತ ನೀರಿನಡಿ ಹೋಯಿತು. ತವರು ಅಂತ ಅವಳಿಗೆ ಉಳಿದದ್ದು ಆ ಬಳ್ಳಿಯೊಂದೇ.

"ಅದಕ್ಕೇನಾದ್ರೂ ಆಯ್ತೋ, ನನಗಂತೂ ಹೋಗಕೆ ತವರಿಲ್ಲ. ನಿನ್ನನ್ನೇ ಮನೆ ಬಿಡಿಸ್ತೀನಿ!" ಎಂದಳು.

ಹೋದೆ. ಕ್ಲೈವ್ ಟೋಪಿ ತೆಗೆದ. ಅವನು ಆಡಿದ್ದು ನನಗೆ ಅಕ್ಷರಕ್ಷರವೂ ಅರ್ಥವಾಯಿತು, ಆಣೆಯಿಟ್ಟು ಹೇಳುತ್ತೇನೆ: "ಮಾನ್ಯರೇ, ಈ ಗೋಡೆ ಉಬ್ಬಿದೆ. ರಿಪೇರಿ ಮಾಡಿಸಬೇಕು. ಈ ಬಳ್ಳಿಯನ್ನು ಕತ್ತರಿಸಬಹುದೇ?"

ಕೂಡದು! ಖಂಡಿತ ಕೂಡದು! ಆದರೆ 'ನೀವು ಕತ್ತರಿಸಕೂಡದು' ಎನ್ನಲೋ, 'ನೀವು ಕತ್ತರಿಸದಿದ್ದರೆ ನಾನು ಕೃತಜ್ಞನಾಗಿರುತ್ತಿದ್ದೆ' ಎನ್ನಲೋ? ಎರಡನೆಯದು ಹೆಚ್ಚು ಗಂಭೀರ. ಆದರೆ ಅದಕ್ಕೆ ಮೂರು ಕ್ರಿಯಾಪದ ಬೇಕು! ನಾನು ಅವನ್ನು ಒಂದೊಂದಾಗಿ ಹುಡುಕುತ್ತಿರುವಾಗ ನನ್ನ ತಲೆ ತನ್ನಷ್ಟಕ್ಕೆ ತಾನೇ, ಹುಟ್ಟಿದಾಗಿನಿಂದ ಹೇಗೆ ಕೂಡದು ಎಂದಿದೆಯೋ ಹಾಗೆ, ಕೂಡದು ಎಂದಿತು. ಮೇಲೆ, ಕೆಳಗೆ. ಮೇಲೆ, ಕೆಳಗೆ.

ಕ್ಲೈವ್ ಮುಖ ಅರಳಿತು. ಎರಡೂ ಕೈ ಹಿಡಿದು ಕುಲುಕಿದ. ಎಂಥಾ ಸಂಸ್ಕಾರವಂತ, ಬೇಡ ಅಂದರೂ ಥ್ಯಾಂಕ್ಸ್ ಹೇಳುತ್ತಾನಲ್ಲ ಎಂದುಕೊಂಡು ಎದೆಯುಬ್ಬಿಸಿ ಮನೆಗೆ ಬಂದೆ.

"ಏನಂದ?"

"ಒಪ್ಕೊಂಡ. ಎಲ್ಲಾ ನನ್ನ ವ್ಯಾಕರಣದ ಮಹಿಮೆ!"

ಮಾತು ಮುಗಿದಿರಲಿಲ್ಲ, ಗೋಡೆಯಾಚೆ ಮೋಟಾರು ಗರಗಸ ಗುರ್‍ರ್ ಅಂತು!

ನಾನು ಪುಸ್ತಕ ಹಿಡಿದು ಓಡಿದೆ. 'ನೀನು ಕಡಿಯುತ್ತಿದ್ದೀಯೆ' ಎನ್ನಲೋ, 'ಕಡಿಯುತ್ತ ಬಂದಿದ್ದೀಯೆ' ಎನ್ನಲೋ? ನಾನು ನಿರ್ಧರಿಸುವಷ್ಟರಲ್ಲಿ 'ಕಡಿದಿದ್ದೀಯೆ' ಎಂಬುದೊಂದೇ ಸರಿಯಾದ ಪ್ರಯೋಗವಾಗಿತ್ತು. ಎಡತೋಳು ಹಣ್ಣಾಗುತ್ತಿದ್ದ ಗೊಂಚಲುಗಳ ಸಮೇತ ನೆಲಕ್ಕೆ ಬಿದ್ದಿತ್ತು. ಕ್ಲೈವ್ ನನ್ನನ್ನು ನೋಡಿ ಕೈ ಬೀಸಿ, ಊಟದ ಹೊತ್ತಾಯಿತೆಂದು ಒಳಗೆ ಹೋದ.

ದೋನಾ ಅಳಲಿಲ್ಲ, ಬೈಯಲಿಲ್ಲ. ಬಿದ್ದ ಗೊಂಚಲುಗಳನ್ನು ಮಡಿಲಲ್ಲಿ ತುಂಬಿಕೊಂಡಳು. ಅವಳು ಬೈದಿದ್ದರೆ ನಾನು ಒಂದು ತುತ್ತಾದರೂ ಉಣ್ಣುತ್ತಿದ್ದೆ. ಕೊನೆಗೆ ಒಂದೇ ಮಾತು ಕೇಳಿದಳು: "ನೀನು ಬಾಯಿ ಬಿಟ್ಟು ಏನಂದೆ?"

"ಬಾಯಿ ಬಿಡಲಿಲ್ಲ. ತಲೆ ಆಡಿಸ್ದೆ."

ಆ ಸಂಜೆ ಟಿವಿಯಲ್ಲಿ ಇಂಗ್ಲಿಷ್ ಸಿನಿಮಾ ಬರುತ್ತಿತ್ತು. ಹುಡುಗ ಮದುವೆಯಾಗ್ತೀಯಾ ಎಂದು ಕೇಳಿದ. ಹುಡುಗಿ ತಲೆಯನ್ನು ಮೇಲೆ ಕೆಳಗೆ ಆಡಿಸಿದಳು. ಪಾಪ, ಒಲ್ಲೆ ಅಂದಳಲ್ಲ ಎಂದು ನಾನು ಮರುಗುತ್ತಿರುವಾಗಲೇ ಅವಳು ಅವನ ಕೊರಳಿಗೆ ಜೋತುಬಿದ್ದಳು. ಅಯ್ಯೋ ದೇವರೇ! ಈ ಜನರ ತಲೆಗಳು ತಲೆಕೆಳಗಾಗಿವೆ! ನಾವು ಆಗಲಿ ಎನ್ನಲು ಅಡ್ಡಡ್ಡ ಆಡಿಸಿದರೆ, ಇವರು ಬೇಡ ಎನ್ನಲು ಅಡ್ಡಡ್ಡ ಆಡಿಸುತ್ತಾರೆ! ಇಡೀ ಪುಸ್ತಕದಲ್ಲಿ ಈ ವಿಷಯವಾಗಿ ಒಂದು ಗೆರೆಯೂ ಇಲ್ಲ!

ಕನ್ನಡಿಯ ಮುಂದೆ ನಿಂತು ಸಾಧನೆ ಮಾಡಿದೆ. ಬೇಡ: ಅಡ್ಡ, ಅಡ್ಡ. ಬೇಡ: ಅಡ್ಡ, ಅಡ್ಡ. ಕತ್ತು ಮುರಿದುಕೊಳ್ಳುವಷ್ಟು ಕಷ್ಟ! ಹೊಟ್ಟೆ ಬೇಡ ಅನ್ನುತ್ತದೆ, ಕತ್ತು ಹೂಂ ಅನ್ನುತ್ತದೆ.

ಮರುದಿನ ಕ್ಲೈವ್ ತಾನಾಗಿಯೇ ಬಂದ. ಮುಖ ಬಾಡಿತ್ತು. ಅಂಗಡಿಯ ಗಿನ್ಕಾ ಸೈಪ್ರಸ್ಸಿನ ಹೋಟೆಲಿನಲ್ಲಿ ದುಡಿದು ಇಂಗ್ಲಿಷ್ ಕಲಿತವಳು. ಬ್ರೆಡ್ಡಿಗೆಂದು ಹೋದವನಿಗೆ ನಮ್ಮ ತಲೆಗಳ ಗುಟ್ಟನ್ನು ಅವಳು ಬಿಚ್ಚಿಟ್ಟಿದ್ದಳು. ಇದು ನನಗೆ ತಿಳಿದದ್ದು ಎಲ್ಲ ಮುಗಿದ ಮೇಲೆ!

"ಮಾನ್ಯರೇ," ಎಂದ ಕ್ಲೈವ್, "ನಿನ್ನೆ ಘೋರ ಅಪರಾಧವಾಯಿತು. ಕ್ಷಮಿಸಿ. ಗೋಡೆ ಬೀಳುವಂತಿದೆ, ಇನ್ನೊಂದು ತೋಳನ್ನೂ ತೆಗೆಯಬೇಕಾದೀತು. ಆದರೆ ಈ ಸಲ ನೀವು ಒಪ್ಪಿದರೆ ಮಾತ್ರ. ಒಪ್ಪುತ್ತೀರಾ?"

ನಾನು ಇಂಗ್ಲೆಂಡಿನ ರಾಜನೂ ಮೆಚ್ಚುವಂತೆ ತಲೆಯನ್ನು ಅಡ್ಡ ಆಡಿಸಿದೆ. ಅಡ್ಡ! ಅಡ್ಡ! ಅಡ್ಡ!

ಅವನ ಕಣ್ಣಲ್ಲಿ ನೀರು ಬಂತು. ಎದೆಯ ಮೇಲೆ ಕೈಯಿಟ್ಟು, ನನ್ನ ಉದಾರತೆಗೆ ತಲೆಬಾಗಿ ಹೋದ. ನಾನು ಬೆಂಚಿನ ಮೇಲೆ ಕಾಲು ಚಾಚಿದೆ.

ಗುರ್‍ರ್!

"ಮುದುಕಾ!" ಎಂದು ದೋನಾ ಕೂಗಿದ ಕೂಗಿಗೆ ಕೋಳಿಗಳು ಬೇಲಿ ಹಾರಿದವು. "ಈಗೇನಂದೆ ಅವನಿಗೆ?"

"ಬೇಡ ಅಂದೆ ಕಣೇ! ಅವರ ಥರಾನೇ ಅಂದೆ!"

ಅವಳು ನನಗಾಗಿ ಕಾಯಲಿಲ್ಲ. ಸುಟ್ಟ ಮೆಣಸಿನಕಾಯಿಯ ಬೋಗುಣಿಯನ್ನೇ ಎತ್ತಿಕೊಂಡು ಹೋಗಿ, ಬಿಸಿಬಿಸಿಯಾದದ್ದನ್ನು ಒಂದೊಂದೇ ಆರಿಸಿ ಗೋಡೆಯಾಚೆಗೆ ಬೀಸಿದಳು. ಒಂದು ಕ್ಲೈವ್‌ನ ಕಿವಿಗೆ, ಒಂದು ಕನ್ನಡಕಕ್ಕೆ. ಗರಗಸ ನಿಂತಿತು. ಆದರೆ ಬಲತೋಳು ಆಗಲೇ ನೇತಾಡುತ್ತಿತ್ತು. ದೋನಾ ಬಳ್ಳಿಯ ಬುಡವನ್ನು ತಬ್ಬಿಕೊಂಡು ನೆಲದ ಮೇಲೆ ಕೂತಳು. "ಇದನ್ನ ಕಡಿಯೋದಾದ್ರೆ ಮೊದ್ಲು ನನ್ನ ಕಡೀರಿ," ಎಂದಳು. ಆ ಮಾತಿಗೆ ಯಾರೂ ಅನುವಾದ ಕೇಳಲಿಲ್ಲ.

ಮೋರಿನ್ ಓಡಿಹೋಗಿ ಗಿನ್ಕಾಳನ್ನು ಎಳೆದುತಂದಳು. ವಿಷಯ ಬಿಡಿಸಿದಾಗ ಗಿನ್ಕಾ ನಗು ತಡೆಯಲಾರದೆ, ಸೆರಗಿಲ್ಲದ್ದಕ್ಕೆ ಏಪ್ರನ್ನನ್ನೇ ಬಾಯಿಗೆ ತುರುಕಿಕೊಂಡಳು. "ಮಾವ, ತಲೆ ಆಡ್ಸೋದ್ರಲ್ಲಿ ಅವನು ನಮ್ಮೋನಾದ, ನೀನು ಅವರೋನಾದೆ! ಒಬ್ರು ಸುಮ್ನಿದ್ದಿದ್ರೆ ಬಳ್ಳಿ ಉಳೀತಿತ್ತು!" ಕ್ಲೈವ್ ಮಾತ್ರ ನಗಲಿಲ್ಲ. ಬುಡ ಮುಟ್ಟದಂತೆ ಗೋಡೆಯನ್ನು ತಾನೇ ಬಳಸಿ ಕಟ್ಟಿಸುತ್ತೇನೆಂದು ಮಾತು ಕೊಟ್ಟ. ದೋನಾ ಬುಡದ ತೊಗಟೆಯನ್ನು ಉಗುರಿನಿಂದ ಕೆರೆದು ನೋಡಿದಳು. ಒಳಗೆ ಹಸಿರಿತ್ತು. "ವಸಂತಕ್ಕೆ ಚಿಗುರ್ತದೆ," ಎಂದಾಗ ನನಗೆ ಹೋದ ಜೀವ ಬಂದಂತಾಯಿತು.

ಆದರೆ ಅವಳ ಸಿಟ್ಟು ಚಿಗುರಿಗೆ ಕಾಯಲಿಲ್ಲ. "ಇನ್ಮೇಲೆ ನನ್ನ ಮಾತು ನಾನೇ ಆಡ್ಕೋತೀನಿ," ಎಂದು ಮೋರಿನ್ ಹತ್ತಿರ ಇಂಗ್ಲಿಷ್ ಪಾಠಕ್ಕೆ ಸೇರಿಬಿಟ್ಟಳು! ಬದಲಿಗೆ ಇವಳು ಅವಳಿಗೆ ಚಟ್ನಿ ಮಾಡುವುದನ್ನು ಕಲಿಸುತ್ತಾಳಂತೆ. ಬಳ್ಳಿಯ ತೋಳುಗಳು ಹೋದ ಮೇಲೆ ನಮ್ಮ ಬೆಂಚಿಗೆ ನೆರಳೂ ಇಲ್ಲ, ಮರೆಯೂ ಇಲ್ಲ. ಅಲ್ಲಿ ಕೂತರೆ ಎದುರಿಗೆ ಅವರ ಅಡುಗೆಮನೆ ಕಿಟಕಿ, ಕಿಟಕಿಯಲ್ಲಿ ಎರಡು ತಲೆ. ನಗು ಬೇರೆ. ವ್ಯಾಕರಣದಲ್ಲಿ ನಗುವಂಥದ್ದೇನಿದೆ?

ಮೊನ್ನೆ ಮೋರಿನ್ ಗಿನ್ಕಾಳನ್ನು ಕರೆದುಕೊಂಡು ನಮ್ಮ ಅಂಗಳಕ್ಕೇ ಬಂದಳು. "ಮಾವ, ನೀನೂ ಪಾಠಕ್ಕೆ ಬಾ ಅಂತಾವ್ರೆ. ಬರಕೆ ನಾಚಿಕೆ ಆದ್ರೆ ಅವರೇ ಇಲ್ಲಿಗೆ ಬಂದು ಹೇಳಿಕೊಡ್ತಾರಂತೆ," ಎಂದಳು ಗಿನ್ಕಾ. ದೋನಾ ಬಾಗಿಲಲ್ಲಿ ನಿಂತು ಮಜಾ ನೋಡುತ್ತಿದ್ದಳು.

ನಾನು ಎದ್ದು ನಿಂತು, ಟೋಪಿ ಸರಿಮಾಡಿಕೊಂಡು, ಯಾರಿಗೂ ಅನುಮಾನ ಬಾರದಂತೆ ಅಪ್ಪಟ ನಮ್ಮ ಭಾಷೆಯಲ್ಲೇ ಹೇಳಿದೆ:

"ಗಿನ್ಕಾ, ಆಯಮ್ಮಂಗೆ ಬಿಡಿಸಿ ಹೇಳು. ಪಾಠ ನಂಗೆ ಬ್ಯಾಡ, ನಮ್ಮ ವಂಶದಲ್ಲೇ ಯಾರೂ ಇನ್ನೊಬ್ಬರ ಮುಂದೆ ಕೂತು ಕಲ್ತೋರಲ್ಲ. ಅವರು ಇಲ್ಲಿಗೆ ಬರೋದೂ ಬ್ಯಾಡ, ನಾನು ಅಲ್ಲಿಗೆ ಹೋಗೋದೂ ಬ್ಯಾಡ. ದೋನಾಗೆ ಹೇಳಿಕೊಡೋವಾಗ ಆ ಕಿಟಕಿ ಮಾತ್ರ ಮುಚ್ಚಬ್ಯಾಡಿ, ಒಸಿ ಗಟ್ಟಿಯಾಗಿ ಮಾತಾಡಿ ಅನ್ನು, ಸಾಕು."