ಗುಂಯ್ ಅನ್ನುವ ಬೊಂಬುಗಳು

ಬೊಂಬಿನ ಅಂಗಡಿ ಇಟ್ಟವನು ನಗುವುದಕ್ಕೆ ಬೇರೆ ಕಡೆ ಹೋಗಬೇಕಾಗಿಲ್ಲ. ದುಂಬಿಗಳೇ ಏನಾದರೊಂದು ತಂದಿಡುತ್ತವೆ.

ನನ್ನ ಅಂಗಡಿ ಇರುವುದು ಹೊಸಪೇಟೆಯಲ್ಲಿ. ಮುಂದೆ ಅಂಗಡಿ, ಹಿಂದೆ ಮನೆ. ಏಣಿ ಕಟ್ಟಿ ಕೊಡುತ್ತೇನೆ. ಚಪ್ಪರಕ್ಕೆ ಗಳ ಕೊಡುತ್ತೇನೆ. ಗೋಡೆಗೆ ಒರಗಿಸಿದ ಹಳೆ ಬೊಂಬುಗಳಲ್ಲಿ ದಪ್ಪ ದುಂಬಿಗಳು ಬೆರಳು ಹೋಗುವಷ್ಟು ತೂತು ಕೊರೆದು ಸಂಸಾರ ಮಾಡುತ್ತವೆ. ಮಧ್ಯಾಹ್ನದ ಬಿಸಿಲಿಗೆ ಅಂಗಡಿಯೆಲ್ಲ ಗುಂಯ್ ಅನ್ನುತ್ತದೆ. ಕೂತಲ್ಲೇ ಕಣ್ಣು ಮುಚ್ಚುತ್ತವೆ. ನಿದ್ದೆಯೂ ಅಲ್ಲ, ಎಚ್ಚರವೂ ಅಲ್ಲ.

ಹೆಂಡತಿ ತೀರಿಕೊಂಡಳು. ಕಂಪ್ಲಿಗೆ ಕೊಟ್ಟ ಮಗಳು ಅಂಗಡಿ ಮುಚ್ಚಿ ತನ್ನ ಮನೆಗೆ ಬಾ ಅನ್ನುತ್ತಾಳೆ. ಅಳಿಯ ಒಳ್ಳೆಯವನು. ಮನೆಯೂ ಒಳ್ಳೆಯದೇ. ಆದರೆ ಅಲ್ಲಿ ಗುಂಯ್ ಅನ್ನುವುದು ಫ್ಯಾನು ಒಂದೇ. ಹೂಂ ಅನ್ನಲಿಕ್ಕೂ ಆಗಿಲ್ಲ, ಒಲ್ಲೆ ಅನ್ನಲಿಕ್ಕೂ ಆಗಿಲ್ಲ. ಯೋಚನೆ ಮಾಡಲು ಕೂತರೆ ಹೆಂಡತಿ ಇದ್ದ ಕಾಲದ ಈ ಸಂಗತಿಗಳೇ ನೆನಪಾಗುತ್ತವೆ.

ಫೋನ್ ಬರುವ ಏಣಿ

ಮಲಪನಗುಡಿಯ ಪೇಂಟರ್ ಒಬ್ಬ ಏಣಿ ಒಯ್ದ. ಮೂರನೇ ದಿನಕ್ಕೆ ಹೊತ್ತುಕೊಂಡು ವಾಪಸ್ ಬಂದ.

ಏಣಿ ಹತ್ತಿದ ಕೂಡಲೇ ಜೇಬಿನಲ್ಲಿ ಫೋನ್ ನಡುಗುತ್ತಿತ್ತಂತೆ. ತೆಗೆದು ನೋಡಿದರೆ ಯಾರದೂ ಇಲ್ಲ. ಕಡೆಗೆ ಫೋನನ್ನು ಕೆಳಗಿಟ್ಟು ಹತ್ತಿದ. ಖಾಲಿ ಜೇಬು ನಡುಗಿತು. ಹೆದರಿ ಡಾಕ್ಟರ ಹತ್ತಿರ ಹೋದ. ಅವರು ನರದ ದೋಷ ಇರಬಹುದು, ಏಣಿ ಹತ್ತಬೇಡ ಅಂದರು. ಹತ್ತಲಿಲ್ಲ, ನಡುಕವೂ ಬರಲಿಲ್ಲ.

ನನ್ನ ಹೆಂಡತಿ ಏಣಿಯ ಕಾಲು ತಿರುಗಿಸಿ ದುಂಡನೆಯ ತೂತು ತೋರಿಸಿದಳು. ಒಳಗೆ ದುಂಬಿ ಗುಂಯ್ ಅಂತಿತ್ತು.

ಪೇಂಟರ್ ತಲೆ ಮೇಲೆ ಕೈ ಇಟ್ಟುಕೊಂಡ. "ಅಯ್ಯೋ ಅಕ್ಕಾ, ಎರಡು ದಿನದಿಂದ ಹೆಂಡ್ತಿಗೆ ಬೈದೀನಿ. ಸುಮ್ ಸುಮ್ನ ಯಾಕ ಫೋನ್ ಮಾಡ್ತಿ ಅಂತ."

"ಹಂಗಾರ ಈಗ ನೀನ ಒಂದು ಫೋನ್ ಮಾಡು. ತಪ್ಪಾತು ಅನ್ನು."

ಮಾಡಿದ. ಅವನ ಹೆಂಡತಿ ಎತ್ತಲಿಲ್ಲ. ಏಣಿ ಮಾತ್ರ ಗುಂಯ್ ಅಂತು.

ಗಂಡಿನ ಗುರುತು

ಹಂಪಿ ನೋಡಲು ಬಂದ ಪರದೇಶದವನೊಬ್ಬ ನಮ್ಮ ದುಂಬಿ ನೋಡಿ ಬಂಬಲ್‌ಬೀ ಅಂದು ಹೋದ. ನಾನೂ ಬಂದವರಿಗೆಲ್ಲ ಅದನ್ನೇ ಹೇಳಿದೆ. ಹೆಸರು ಹೇಳಲಿಕ್ಕೆ ಚೆನ್ನಾಗಿತ್ತು.

ಆಮೇಲೆ ಸಂಡೂರಿನ ಹುಡುಗಿಯೊಬ್ಬಳು ಕ್ಯಾಮೆರಾ ಹಿಡಿದು ಬಂದಳು. ಕಾಲೇಜಿನಲ್ಲಿ ಹುಳಗಳನ್ನೇ ಓದುವವಳು.

"ಬಂಬಲ್‌ಬೀ ಅಲ್ರಿ ಅಂಕಲ್. ಅದು ತಂಪು ಬೆಟ್ಟದ್ದು, ಮೈತುಂಬ ಕೂದಲ ಇರ್ತಾವ. ಇದರ ಹೊಟ್ಟಿ ನೋಡ್ರಿ, ಎಣ್ಣಿ ಹಚ್ಚಿದಂಗ ಮಿಂಚ್ತದ. ಇದು ಬಡಗಿ ದುಂಬಿ. ಕರೀದು, ಬೆನ್ನ ಮ್ಯಾಲೆ ಅಷ್ಟ ಹಳದಿ ಇದ್ರ ಹೆಣ್ಣು. ಮೈಯೆಲ್ಲಾ ಅರಿಶಿಣ ಬಳಕೊಂಡಂಗ ಇದ್ರ ಗಂಡು. ಗಂಡಿಗೆ ಮುಳ್ಳಿಲ್ಲ, ಕಡಿಯಂಗಿಲ್ಲ."

ಅವತ್ತಿನಿಂದ ನನ್ನದು ಒಂದು ಆಟವಾಯಿತು. ಗಿರಾಕಿ ಬಂದರೆ ಹಳದಿಯದನ್ನು ಹಿಡಿಯುವುದು, ಮುಷ್ಟಿಯಲ್ಲಿ ಗುಂಯ್ ಅನ್ನಿಸುವುದು, ಬಿಡುವುದು. ಎಲ್ಲರೂ ಬಾಯಿ ಬಿಡುತ್ತಿದ್ದರು.

ಒಂದು ಸಂಜೆ ಬೆಳಕು ಕಡಿಮೆ. "ಇದು ಗಂಡು, ಏನೂ ಮಾಡಂಗಿಲ್ಲ" ಅಂತ ಹಿಡಿದೆ. ಮಾಡಿತು.

ಅಂಗೈ ಊದಿ ಪೂರಿಯಾಯಿತು. ಹೆಂಡತಿ ಸುಣ್ಣ ಹಚ್ಚುತ್ತಾ ನೋಡೇ ನೋಡಿದಳು. "ಅಲ್ರೀ, ಗಂಡಸಾಗಿ ಗಂಡಸಿನ ಗುರ್ತು ಹತ್ತಲಿಲ್ಲೇನು?"

ಮಲಗಿದ ಮಕ್ಕಳು

ಹಿತ್ತಲ ಬಾಗಿಲ ಹತ್ತಿರ ಒಂದು ಒಣಗಿದ ತುಳಸಿ. ಹೊತ್ತು ಇಳಿದರೆ ಅದರ ಕಡ್ಡಿಗೆ ಸಣ್ಣ ದುಂಬಿಗಳು ಬರುತ್ತವೆ. ಹೊಟ್ಟೆಗೆ ತಿಳಿನೀಲಿ ಪಟ್ಟೆ. ಕಡ್ಡಿಯನ್ನು ಬಾಯಲ್ಲಿ ಕಚ್ಚಿ, ಕಾಲು ಮಡಚಿ, ಸಾಲಾಗಿ ಜೋತು ಮಲಗುತ್ತವೆ. ಗಾಳಿ ಬಂದರೆ ತೂಗುತ್ತವೆ. ಹೆಂಡತಿ ನೋಡುತ್ತಾ ಕೂತರೆ ಒಲೆ ಮೇಲಿನ ಸಾರು ಬತ್ತುತ್ತಿತ್ತು.

ಒಮ್ಮೆ ದರೋಜಿಯ ರೈತ ಗಳ ಕೊಳ್ಳಲು ಬಂದ. ಹೊಲಕ್ಕೆ ಬರುವ ಕರಡಿಗಳನ್ನು ಕೂಗಿ ಕೂಗಿ ಓಡಿಸಿದ ಗಂಟಲು. ರೇಟು ಕೇಳಿದ್ದು ಮೂರು ಮನೆಗೆ ಕೇಳಿಸಿತು.

ಒಳಗಿಂದ ಇವಳು ಬಂದಳು. "ಯಣ್ಣಾ, ಮೆಲ್ಲಕ. ಮಲಗ್ಯಾವ."

ಪಾಪ, ಗಾಬರಿಯಾದ. ಚಪ್ಪಲಿ ಬಿಟ್ಟ. ತುದಿಗಾಲಲ್ಲಿ ಓಡಾಡಿ ಗಳ ಆರಿಸಿದ. ಚೌಕಾಸಿಗೆ ಬಾಯಿ ತೆರೆದು, ಹಿತ್ತಲ ಕಡೆ ನೋಡಿ, ಮುಚ್ಚಿಕೊಂಡ. ಹೇಳಿದಷ್ಟು ಕೊಟ್ಟ.

ಹೋಗುವಾಗ ಪಿಸುಗುಟ್ಟಿದ. "ಮೊಮ್ಮಗನೋ, ಮೊಮ್ಮಗಳೋ?"

"ಎಲ್ಲಾ ಗಂಡು ಅಂತ್ರಿ," ಇವಳೂ ಪಿಸುಗುಟ್ಟಿದಳು. "ಹತ್ತು-ಹನ್ನೆರಡು ಅದಾವ."

ಅವನು ನನ್ನ ಕಡೆ ಒಂದು ಸಲ ನೋಡಿ, ಕೈ ಮುಗಿದು ಹೋದ.

ಬೀಗದಲ್ಲಿ ಸಿಕ್ಕ ಗುಲಾಬಿ

ಬಾಜು ಮನೆಯ ಅಮ್ಮನಿಗೆ ಗುಲಾಬಿ ಗಿಡವೆಂದರೆ ಜೀವ. ಅದರ ಎಲೆಯ ಅಂಚನ್ನು ಯಾರೋ ದುಂಡಗೆ ಕತ್ತರಿಸಿ ಒಯ್ಯುತ್ತಿದ್ದರು. ಕತ್ತರಿಯಲ್ಲಿ ಕತ್ತರಿಸಿದಷ್ಟು ನೀಟು. ಅಮ್ಮ ಓಣಿಯವರನ್ನೆಲ್ಲ ಬೈದು ಮುಗಿಸಿದ್ದರು. ನಾವು ಮಾತ್ರ ಉಳಿದಿದ್ದೆವು. ನಾವು ಮಗಳ ಮನೆಗೆ ಹೋಗಿದ್ದೆವು.

ವಾಪಸ್ ಬಂದೆವು. ಅಂಗಡಿಯದು ಹಳೆಕಾಲದ ದೊಡ್ಡ ಬೀಗ. ಕೀಲಿ ಒಳಗೆ ಹೋಗಲೊಲ್ಲದು. ಇವಳ ತಲೆಪಿನ್ನು ಹಾಕಿ ಕೆದಕಿದೆ. ಬೀಡಿಯ ಹಾಗೆ ಸುತ್ತಿದ ಹಸಿರು ಸುರುಳಿ ಬಂತು. ಎಲೆ ಕತ್ತರಿಸುವ ದುಂಬಿ ಬೀಗದ ತೂತಿನಲ್ಲಿ ಮರಿಗೆ ಮನೆ ಕಟ್ಟಿತ್ತು.

ಅಮ್ಮ ಹಿಂದೆಯೇ ನಿಂತಿದ್ದರು. ಸುರುಳಿ ಬಿಚ್ಚಿದರು. ಅವರದೇ ಗುಲಾಬಿ ಎಲೆ.

"ಸಿಕ್ಕಿ ನೋಡಪಾ! ಕದ್ದದ್ದಲ್ಲದ ಬೀಗದಾಗ ಬಚ್ಚಿಡ್ತೀಯೇನು?"

ದುಂಬಿ ಅಂದೆ. ನಂಬಲಿಲ್ಲ. ಆಗ ನನ್ನ ಹೆಂಡತಿ ಸಾಕ್ಷಿ ಹೇಳಿದಳು. "ಬಿಡ್ರಿ ಅಮ್ಮಾ. ಮದುವ್ಯಾದಾಗಿಂದ ನನಗ ಒಂದು ಹೂ ಕದ್ದು ತಂದುಕೊಟ್ಟ ಮನುಷ್ಯ ಅಲ್ಲ. ಎಲಿ ಕದೀತಾರ?"

ಅಮ್ಮ ನಂಬಿದರು. ನನ್ನನ್ನು ಇನ್ನೂ ಕೆಟ್ಟದಾಗಿ ನೋಡಿದರು.

ಕಿವಿ ಇಡದ ಗಳ

ಓಣಿಯಲ್ಲಿ ಯಾರು ಸತ್ತರೂ ಚಟ್ಟಕ್ಕೆ ಗಳ ನಮ್ಮಲ್ಲಿಯದೇ. ಕೊಡುವ ಮುಂಚೆ ಬೆರಳಲ್ಲಿ ತಟ್ಟಿ, ಗಳಕ್ಕೆ ಕಿವಿ ಇಟ್ಟು ಕೇಳಬೇಕು. ಒಳಗೆ ದುಂಬಿ ಇದ್ದರೆ ಬೇರೆ ಗಳ. ಜೀವ ಇದ್ದದ್ದು ಸುಡುಗಾಡಿಗೆ ಹೋಗಬಾರದು ಅಂತ ನನ್ನ ಹೆಂಡತಿ ಹಾಕಿದ ಪದ್ಧತಿ. ಕಿವಿ ಇಡುವುದೂ ಅವಳದೇ ಕೆಲಸ.

ಅವಳ ಚಟ್ಟ ಕಟ್ಟುವಾಗ ಕಿವಿ ಇಡುವವರು ಇರಲಿಲ್ಲ.

ಇನ್ನೊಂದು ಹೇಳಬೇಕು. ಅವಳ ಬಾಯಲ್ಲಿ ಯಾವಾಗಲೂ ಎಲೆ-ಅಡಿಕೆ. ಹಿತ್ತಲಿಂದ ನನ್ನನ್ನು ಕರೆಯುವಾಗ ಬಾಯಿ ತೆರೆಯುತ್ತಿರಲಿಲ್ಲ. "ಹೂಂ... ಹೂಂ..." ಅಷ್ಟೇ. ನಾನು "ಬಂದೆ" ಅನ್ನುತ್ತಿದ್ದೆ.

ನಾಲ್ವರು ಎತ್ತಿದರು. ಎತ್ತಿದ್ದೇ ತಡ, ಗುಂಯ್ ಅಂತು. ಸಣ್ಣಗೆ, ಉದ್ದಕ್ಕೆ. ಅಳುತ್ತಿದ್ದವರು ನಿಲ್ಲಿಸಿದರು. ಹಲಗೆ ಬಡಿಯುವವನ ಕೈ ನಿಂತಿತು.

"ಅಕ್ಕಗ ಜೀವ ಐತಿ!" ಅಂದಳು ಅವಳ ತಂಗಿ.

ದುಂಬಿಗಳ ನಡುವೆಯೇ ಬದುಕಿದವನು ನಾನು. ನನಗಾದರೂ ತಿಳಿಯಬೇಕಿತ್ತು. ಆದರೆ ಬಾಯಿಂದ ಬಂದದ್ದು ಬೇರೆ.

"ಬಂದೆ, ಬಂದೆ."

ಸದ್ದಿಗೆ ಹೆದರದವರು ಇದಕ್ಕೆ ಹೆದರಿದರು. ಮಗಳು ನನ್ನ ರಟ್ಟೆ ಹಿಡಿದು ಜಗ್ಗಿದಳು. ಮುಂದೆ ಹೆಗಲು ಕೊಟ್ಟಿದ್ದ ಹೆಂಡತಿಯ ತಮ್ಮ ತಿರುಗಿ ಕೂಗಿದ. "ಭಾವಾ, ಬರಬ್ಯಾಡ್ರಿ! ಹೊರಾಕ ನಾಲ್ಕ ಮಂದಿ ಅದೀವಿ. ಇಬ್ಬರನ್ನ ಒಯ್ಯಾಕ ಆಗಂಗಿಲ್ಲ!"

ಅಷ್ಟರಲ್ಲಿ ಗಳದ ತೂತಿನಿಂದ ಕರಿ ದುಂಬಿ ಹೊರಗೆ ಬಂತು. ಎಲ್ಲರನ್ನೂ ಒಂದು ಸುತ್ತು ನೋಡಿ, ಮತ್ತೆ ಒಳಗೆ ಹೋಯಿತು. ಮೊದಲು ನಕ್ಕವಳು ಮಗಳು. ಅಳುತ್ತಲೇ ನಕ್ಕಳು. ಇಳಿಸಿ, ಗಳ ಬದಲಿಸಿದೆವು. ಹೊಸ ಗಳಕ್ಕೆ ಮಗಳೇ ಕಿವಿ ಇಟ್ಟಳು.

ಮೊನ್ನೆ ಅವಳು ಕಂಪ್ಲಿಯಿಂದ ಬಂದಳು. ಈ ಸಲ ಒಯ್ಯುವುದೇ ಅಂತ ನನ್ನ ಬಟ್ಟೆಗೆ ದೊಡ್ಡ ಚೀಲ ತಂದಿದ್ದಳು. ಮಧ್ಯಾಹ್ನ ಊಟ ಮಾಡಿ ಅಂಗಡಿಯಲ್ಲಿ ಕೂತೆವು. ಬಿಸಿಲು. ಬೊಂಬಿನ ನೆರಳು. ಹಿತ್ತಲ ಕಡೆಯಿಂದ ಗುಂಯ್ ಅಂತು. ಕಣ್ಣು ಮುಚ್ಚಿದ್ದೆನೋ ಏನೋ.

"ಬಂದೆ" ಅಂದೆ.

ಮಗಳು ಹಿತ್ತಲ ಕಡೆ ನೋಡಿದಳು. ಆಮೇಲೆ ಖಾಲಿ ಚೀಲ ಮಡಚಿ ಮಡಚಿ ಕಂಕುಳಲ್ಲಿ ಇಟ್ಟುಕೊಂಡಳು.

"ಜಲ್ದಿ ಹೋಗಪ್ಪಾ. ಎರಡು ಸಲ ಕರೆಸಿಕೊಂಡ್ರ ಅವ್ವ ಬೈತಾಳ."