ಮಾವನ ಜರ್ಮನ್ ನಟಿ

ನಿಜವಾದ ಕಲೆ ಯಾವ ದೇಶದ ಗಡಿಯನ್ನೂ ಲೆಕ್ಕಿಸುವುದಿಲ್ಲ. ಒಪ್ಪೋಣ. ಆದರೆ ಅಷ್ಟು ದೂರದಿಂದ ಗಡಿ ದಾಟಿ ಬಂದ ಕಲೆ ಮರಳೂರಿನ ನಮ್ಮ ಸೋದರಮಾವನ ಕೈಗೇ ಸಿಕ್ಕಿಬೀಳಬೇಕಿತ್ತೆ?

ಮಾವ ಗುಬ್ಬಿ ಕಡೆಯ ಒಂದು ನಾಟಕ ಕಂಪನಿಯಲ್ಲಿ ಸ್ತ್ರೀಪಾತ್ರ ಮಾಡುತ್ತಿದ್ದವರು. ಕಂಪನಿ ಮುಚ್ಚಿದ ಮೇಲೆ ಅಂತರಸನಹಳ್ಳಿಯ ಕಾರ್ಖಾನೆಯಲ್ಲಿ ಟೈಮ್‌ಕೀಪರ್ ಆದರು. ತಡವಾಗಿ ಬಂದ ಕಾರ್ಮಿಕರನ್ನು ಅಲ್ಲಿಯೂ ಮಹಾರಾಣಿಯ ಗತ್ತಿನಲ್ಲೇ ಗೇಟಿನಾಚೆ ನಿಲ್ಲಿಸುತ್ತಿದ್ದರು. ಸಿನಿಮಾ ಎಂದರೆ ಉರಿದುಬೀಳುತ್ತಿದ್ದರು. ಇನ್ನೊಬ್ಬರ ಗಂಟಲಿಗೆ ತುಟಿ ಆಡಿಸುವುದೂ ಒಂದು ಪಾರ್ಟೇನು ಎಂಬುದು ಅವರ ವಾದ.

ಎಪ್ಪತ್ತರ ದಶಕದ ಕೊನೆಯಲ್ಲಿ ತುಮಕೂರಿನ ಫಿಲ್ಮ್ ಸೊಸೈಟಿಯವರು ಜರ್ಮನ್ ಸಂಗೀತ ನಾಟಕಗಳ ಸಿನಿಮಾಗಳನ್ನು ತರಿಸಿದರು. ನಾಟಕ ಎಂಬ ಹೆಸರಿಗೆ ಸೋತು ಮಾವ ನನ್ನನ್ನೂ ಕರೆದುಕೊಂಡು ಹೋದರು. ಮಾತೇ ಇಲ್ಲ, ಜಗಳವೂ ಹಾಡಿನಲ್ಲೇ! ಸಭಿಕರು ಒಬ್ಬೊಬ್ಬರಾಗಿ ಕಾಫಿಗೆ ಎದ್ದುಹೋದರು. ಮಾವ ಮಾತ್ರ ಅಲ್ಲಾಡಲಿಲ್ಲ. ತಟ್ಟೆ ಹಿಡಿದು ಮೂಲೆಯಲ್ಲಿ ನಿಂತ ಸಖಿಯೊಬ್ಬಳು ಅವರ ಕಣ್ಣಿಗೆ ಬಿದ್ದಿದ್ದಳು.

"ಈ ಹುಡುಗಿ ಮೇಲಕ್ಕೆ ಬರ್ತಾಳೆ ಕಣೋ. ತಟ್ಟೆ ಹಿಡ್ಕೊಂಡು ಸುಮ್ನೆ ನಿಲ್ಲೋದು ಎಷ್ಟು ಕಷ್ಟ ಅಂತ ನಿನಗೇನು ಗೊತ್ತು?"

ಬಂದಳು. ಮುಂದಿನ ಸಿನಿಮಾದಲ್ಲಿ ಆಕೆಗೆ ಗಂಡುಪಾತ್ರ, ಪ್ಯಾಂಟು, ಕತ್ತಿ. ನಾವು ಸೀರೆ ಉಟ್ಟೆವು, ಆಕೆ ಪ್ಯಾಂಟು ತೊಟ್ಟಳು, ಲೋಕದ ತಕ್ಕಡಿ ಸಮವಾಯಿತು ಎಂದು ಮಾವ ತೀರ್ಪಿತ್ತರು. ಆಮೇಲಿನದರಲ್ಲಿ ಆಕೆಯೇ ನಾಯಕಿ. ಕತ್ತಿಯ ಇರಿತ ತಿಂದು ಬಹಳ ಹೊತ್ತು ಹಾಡಿ ಸತ್ತಳು. ಮಾವ ಎದ್ದು ನಿಂತು 'ವನ್ಸ್ ಮೋರ್' ಕೂಗಿದರು! ರೀಲು ಮುಂದೆ ಹೋಗಿದೆ ಎಂದು ಆಪರೇಟರ್ ಕೈಮುಗಿದ. ನಮ್ಮ ಕಂಪನಿಯಲ್ಲಿ ಸತ್ತವರು ಎದ್ದು ಹಾಡಿ ಮತ್ತೆ ಸಾಯುತ್ತಿದ್ದರು ಎಂದು ಮಾವ ಗೊಣಗಿದರು.

ಅಂದೇ ಅನಾಹುತವಾಯಿತು. ಸೊಸೈಟಿಯ ಕಾರ್ಯದರ್ಶಿಗಳು, ಪಾಪ, ಜ್ಞಾನ ಹಂಚುವ ಉತ್ಸಾಹದಲ್ಲಿ, ಆಕೆ ನಟಿ ಮಾತ್ರ, ಎಲ್ಲ ಸಿನಿಮಾಗಳಲ್ಲೂ ಹಾಡಿದವಳು ಬೇರೊಬ್ಬ ಹೆಂಗಸು ಎಂದು ವಿವರಿಸಿದರು. ಮಾವ ನೇರ ಮನೆಗೆ ನಡೆದರು. ಇನ್ನು ಆಕೆಯ ಮುಖ ನೋಡುತ್ತಾರೆಯೇ? ಮರುದಿನ ಅಕ್ಕಿ ಆರಿಸುತ್ತಿದ್ದ ಅತ್ತೆಗೆ, ಮಾವನ ಜರ್ಮನಿ ಮುಗಿಯಿತು ಎಂದೆ.

ಅತ್ತೆ ಮೊರದಿಂದ ತಲೆ ಎತ್ತಲಿಲ್ಲ. "ಕಂಪನೀಲಿ ಕೊನೆಕೊನೆಗೆ ನಿಮ್ಮಾವನ ಗಂಟ್ಲು ಹೋಗಿತ್ತು ಕಣಪ್ಪ. ಸೈಡ್‌ವಿಂಗಲ್ಲಿ ಕೂತು ನಾನೇ ಹಾಡ್ತಿದ್ದೆ. ಅವ್ರು ತುಟಿ ಆಡಿಸ್ತಿದ್ರು. ಜನಕ್ಕೆ ಗೊತ್ತಾಗ್ಲಿಲ್ಲ."



ಕೆಲವು ತಿಂಗಳ ಮೇಲೆ ಆಕೆಯ ಇನ್ನೊಂದು ಸಿನಿಮಾ ಕುಣಿಗಲ್‌ಗೆ ಬಂತು. ಮಾವ ಶಲ್ಯ ಹೊದ್ದು ಅಡುಗೆಮನೆಯ ಬಾಗಿಲಲ್ಲಿ ನಿಂತರು. ಅತ್ತೆಯನ್ನು ಅವರು ಎಲ್ಲಿಗೂ ಕರೆದದ್ದನ್ನು ನಾನು ಕಂಡಿರಲಿಲ್ಲ.

"ಏಳೇ, ಬಸ್ಸು ತಪ್ಪೋಗ್ತದೆ. ಅವಳ ಪಾರ್ಟು ಹೆಂಗಿದೆ ಅಂತ ನಾನು ನೋಡ್ತೀನಿ. ಹಾಡಿದೋಳು ಹೆಂಗ್ ಹಾಡವ್ಳೆ ಅಂತ ನೀನು ಹೇಳ್ಬೇಕು."

ಅತ್ತೆ ಸೀರೆ ಬದಲಿಸಿಕೊಂಡು ಬಂದರು. ಕುಣಿಗಲ್‌ನಲ್ಲಿ ಇಬ್ಬರೂ ಸಿನಿಮಾವನ್ನು ಕೊನೆಯವರೆಗೆ ನೋಡಿದರು.